ಭಾರ ಬಲ್ಲವನು ಕಟ್ಟಿದ ಹಗುರ

ಜರ್ಮನಿಯ ವ್ಯೂರ್ಟ್ಸ್‌ಬುರ್ಗ್ ನಗರದ ಅರಮನೆಯಲ್ಲಿ ಒಂದು ದೊಡ್ಡ ಚಾವಣಿ ಚಿತ್ರವಿದೆ. 600 ಚದರ ಮೀಟರ್‌ಗೂ ಮಿಕ್ಕಿದ ಆ ಚಿತ್ರವನ್ನು 1752-53ರಲ್ಲಿ ಬರೆದವನು ವೆನಿಸ್‌ನ ಕಲಾವಿದ ಟಿಯೆಪೊಲೊ. ನಡುವೆ ಬೆಳ್ಳಗೆ ಬೆಳಗುವ ಆಕಾಶ, ಅದರಲ್ಲಿ ಸೂರ್ಯದೇವ ಅಪೊಲೊ. ನಾಲ್ಕು ಅಂಚುಗಳಲ್ಲಿ ನಾಲ್ಕು ಖಂಡಗಳು ಹೆಣ್ಣಿನ ರೂಪ ತಾಳಿ ಮೆರವಣಿಗೆ ಹೊರಟಿವೆ. ಏಷ್ಯಾ ಆನೆಯ ಮೇಲಿದ್ದಾಳೆ, ಆಫ್ರಿಕಾ ಒಂಟೆಯ ಮೇಲೆ, ಅಮೆರಿಕ ಮೊಸಳೆಯ ಮೇಲೆ. ಯುರೋಪಿನ ಪಾಲಿಗೆ ಬಂದ ಅಂಚಿನಲ್ಲಿ ಸಂಗೀತಗಾರರು, ಚಿತ್ರಕಾರರು, ಪಾದ್ರಿಗಳು ತುಂಬಿಕೊಂಡಿದ್ದಾರೆ. ಅವರೆಲ್ಲರಿಗಿಂತ ಕೆಳಗೆ, ಗೋಡೆಯ ಕಟ್ಟಿಗೆ ತಾಗಿಕೊಂಡು, ಸೇನಾಧಿಕಾರಿಯ ಸಮವಸ್ತ್ರ ತೊಟ್ಟ ಒಬ್ಬ ಗಂಡಸು ತೋಪಿನ ನಳಿಗೆಯ ಮೇಲೆ ಆರಾಮವಾಗಿ ಒರಗಿ ಕೂತಿದ್ದಾನೆ. ಪಕ್ಕದಲ್ಲಿ ಒಂದು ನಾಯಿ.

ಆತ ಬಾಲ್ತಾಸರ್ ನಾಯ್ಮನ್. ಚಿತ್ರವನ್ನು ಹೊತ್ತಿರುವ ಚಾವಣಿಯನ್ನು ಕಟ್ಟಿದವನು ಅವನೇ. ಅರಮನೆ ಕಟ್ಟಿದವನ ಕೈಗೆ ನಕ್ಷೆಯ ಸುರುಳಿಯನ್ನೋ ಕೈವಾರವನ್ನೋ ಕೊಡಬಹುದಿತ್ತು. ಟಿಯೆಪೊಲೊ ಅವನನ್ನು ತೋಪಿನ ಮೇಲೆ ಕೂರಿಸಿದ. ನಾಯ್ಮನ್‌ನ ಬಗ್ಗೆ ಬಂದ ಎಷ್ಟೋ ಬರಹಗಳಿಗಿಂತ ಆ ಒಂದು ಆಯ್ಕೆ ಹೆಚ್ಚು ಸರಿಯಾಗಿದೆ ಎಂದು ನನ್ನ ಭಾವನೆ. ಏಕೆಂದರೆ ಅವನ ಕಟ್ಟಡಗಳ ಹಗುರವೆಲ್ಲ ಹುಟ್ಟಿದ್ದು ಕಂಚಿನ ಕುಲುಮೆಯಲ್ಲಿ ಮತ್ತು ಮದ್ದುಗುಂಡಿನ ನಡುವೆ.

ಅವನ ಕಾಲದ ಶೈಲಿಯಾದ ರೊಕೊಕೊ ಎಂದಕೂಡಲೆ ನಮ್ಮ ಕಣ್ಣೆದುರು ಬರುವುದು ಚಿಪ್ಪಿನಂತೆ ಸುರುಳಿಗೊಂಡ ಗಾರೆಯ ಅಲಂಕಾರ, ತೆಳು ಗುಲಾಬಿ, ತಿಳಿ ಹಸಿರು, ಬಂಗಾರದ ರೇಕು, ರೆಕ್ಕೆ ಬಿಚ್ಚಿದ ಕೊಬ್ಬು ಮೈಯ ದೇವಶಿಶುಗಳು. ಹದಿನೆಂಟನೇ ಶತಮಾನದ ಮೊದಲ ದಶಕಗಳಲ್ಲಿ ಪ್ಯಾರಿಸ್ಸಿನ ಶ್ರೀಮಂತರ ಕೋಣೆಗಳಲ್ಲಿ ಹುಟ್ಟಿದ ಈ ಶೈಲಿ ದಕ್ಷಿಣ ಜರ್ಮನಿಗೆ ಬಂದಾಗ ಅರಮನೆಗಳನ್ನೂ ಹೊಕ್ಕಿತು, ಹಳ್ಳಿಗಾಡಿನ ಯಾತ್ರಾ ಚರ್ಚುಗಳನ್ನೂ ಹೊಕ್ಕಿತು. ಮುಂದಿನ ತಲೆಮಾರು ಇದನ್ನು ಬರೀ ಶೋಕಿ ಎಂದು ತಳ್ಳಿಹಾಕಿತು. ಆ ತೀರ್ಪು ಇನ್ನೂ ಪೂರ್ತಿ ಅಳಿದಿಲ್ಲ. ನಾಯ್ಮನ್‌ನ ಕೆಲಸವನ್ನು ಹತ್ತಿರದಿಂದ ನೋಡಿದರೆ ಆ ತೀರ್ಪು ನಿಲ್ಲುವುದಿಲ್ಲ. ಗಾರೆಯ ಹೂಬಳ್ಳಿಯ ಹಿಂದೆ ಅಲ್ಲಿ ಕಲ್ಲಿನ ಲೆಕ್ಕವಿದೆ, ಅದೂ ತಪ್ಪಿದರೆ ಜನರ ತಲೆಯ ಮೇಲೆ ಬೀಳುವಂಥ ಲೆಕ್ಕ.

ಅವನು ಹುಟ್ಟಿದ್ದು 1687ರಲ್ಲಿ, ಬೊಹೀಮಿಯಾದ ಎಗರ್ ಎಂಬ ಊರಿನಲ್ಲಿ. ಇವತ್ತು ಅದು ಚೆಕ್ ದೇಶದ ಗಡಿಯಲ್ಲಿರುವ ಖೆಬ್. ತಂದೆ ಬಟ್ಟೆ ನೇಯುವವನು. ಮಕ್ಕಳು ಹಲವರು, ಹಣ ಕಡಿಮೆ. ಹುಡುಗನನ್ನು ಗಂಟೆ ಮತ್ತು ತೋಪು ಎರಕ ಹೊಯ್ಯುತ್ತಿದ್ದ ಅವನ ಜ್ಞಾನಪಿತನ, ಅಂದರೆ ದೀಕ್ಷಾಸ್ನಾನದ ಧರ್ಮತಂದೆಯ, ಕೈಕೆಳಗೆ ಕೆಲಸಕ್ಕೆ ಬಿಟ್ಟರು. ಆ ಕಾಲದಲ್ಲಿ ಇವೆರಡೂ ಒಂದೇ ಕುಲುಮೆಯ ಕಸುಬು. ಚರ್ಚಿಗೆ ಗಂಟೆ ಹೊಯ್ದ ಕೈಯೇ ಕೋಟೆಗೆ ತೋಪು ಹೊಯ್ಯುತ್ತಿತ್ತು. ಲೋಹದ ಪಾಕ ಮಾತ್ರ ಬೇರೆ: ಗಂಟೆಗೆ ಸುಮಾರು ನಾಲ್ಕು ಪಾಲು ತಾಮ್ರಕ್ಕೆ ಒಂದು ಪಾಲು ತವರ ಬೇಕು, ಆಗ ನಾದ ಬರುತ್ತದೆ. ತೋಪಿಗೆ ತವರ ಅದರ ಅರ್ಧದಷ್ಟು ಸಾಕು, ಹೆಚ್ಚಾದರೆ ಹೊಡೆತಕ್ಕೆ ಸೀಳುತ್ತದೆ.

ಗಂಟೆ ಹೊಯ್ಯುವ ಬಗೆಯನ್ನು ಸ್ವಲ್ಪ ನಿಧಾನವಾಗಿ ನೋಡಬೇಕು. ಮೊದಲು ಇಟ್ಟಿಗೆ, ಜೇಡಿಮಣ್ಣಿನಿಂದ ಒಳಗಿನ ದಿಬ್ಬ ಕಟ್ಟುತ್ತಾರೆ. ಗಂಟೆಯ ಒಳಮೈ ಯಾವ ಆಕಾರದಲ್ಲಿರಬೇಕೋ ಆ ಆಕಾರ. ಅದರ ಮೇಲೆ ಮಣ್ಣಿನದೇ ಒಂದು ಸುಳ್ಳು ಗಂಟೆ. ಅದರ ಮೇಲೆ ಮಣ್ಣಿನ ಹೊರಕವಚ. ಎಲ್ಲ ಒಣಗಿದ ಮೇಲೆ ಕವಚವನ್ನು ಮೆಲ್ಲಗೆ ಎತ್ತಿ, ಸುಳ್ಳು ಗಂಟೆಯನ್ನು ಒಡೆದು ತೆಗೆದು, ಕವಚವನ್ನು ಮತ್ತೆ ಅಲ್ಲಿಯೇ ಕೂರಿಸುತ್ತಾರೆ. ಈಗ ಎರಡು ಮೈಗಳ ನಡುವೆ ಗಂಟೆಯಷ್ಟೇ ದಪ್ಪದ ಟೊಳ್ಳು ಉಳಿಯುತ್ತದೆ. ಕುದಿಯುವ ಕಂಚು ಹರಿಯುವುದು ಆ ಟೊಳ್ಳಿಗೆ. ಅಚ್ಚಿನಲ್ಲಿ ಒಂದಿಷ್ಟು ಪಸೆ ಉಳಿದಿದ್ದರೂ ಆವಿ ಸಿಡಿದು ಆಳುಗಳ ಜೀವ ಹೋಗುತ್ತದೆ. ಈ ಕಸುಬು ಕಲಿತವನು ವಸ್ತುವಿಗಿಂತ ಮೊದಲು ಟೊಳ್ಳನ್ನು ಯೋಚಿಸುತ್ತಾನೆ. ಒಳಮೈ ಬೇರೆ, ಹೊರಮೈ ಬೇರೆ, ಎರಡಕ್ಕೂ ಬೇರೆ ಬೇರೆ ರೂಪ ಕೊಡಬಹುದು ಎಂಬುದು ಅವನ ಬೆರಳುಗಳಿಗೆ ಗೊತ್ತಿರುತ್ತದೆ. ನಾಯ್ಮನ್ ಮುಂದೆ ಕಟ್ಟಿದ ಚರ್ಚುಗಳ ಒಳಗೆ ನಿಂತವರಿಗೆಲ್ಲ ಈ ಮಾತು ನೆನಪಾಗಬೇಕು.

1711ರಲ್ಲಿ ಅವನು ಕೆಲಸ ಹುಡುಕಿಕೊಂಡು ಮೈನ್ ನದಿ ದಂಡೆಯ ವ್ಯೂರ್ಟ್ಸ್‌ಬುರ್ಗ್‌ಗೆ ಬಂದ. ಅಲ್ಲಿನ ಎರಕದ ಕಾರ್ಖಾನೆಯಲ್ಲಿ ಕೆಲಸ ಮಾಡುತ್ತಲೇ ಅಂದ್ರೆಯಾಸ್ ಮ್ಯುಲ್ಲರ್ ಎಂಬ ಸೇನಾ ಎಂಜಿನಿಯರ್ ಬಳಿ ರೇಖಾಗಣಿತ, ಭೂಮಾಪನ, ಕೋಟೆ ಕಟ್ಟುವ ವಿದ್ಯೆ ಕಲಿಯತೊಡಗಿದ. ಕೈಯಲ್ಲಿ ಕಾಸಿರಲಿಲ್ಲ. ಹುಟ್ಟೂರಿನ ಪುರಸಭೆಗೆ ಬರೆದು ಸಾಲ ಕೇಳಿದ, ಅವರು ಕೊಟ್ಟರು. ಗಡಿಯ ಸಣ್ಣ ಊರೊಂದು ನೇಕಾರನ ಮಗನ ಓದಿಗೆ ಸಾಲ ಕೊಡದೇ ಹೋಗಿದ್ದರೆ ಈ ಲೇಖನಕ್ಕೆ ವಿಷಯವೇ ಇರುತ್ತಿರಲಿಲ್ಲ. 1713ರಲ್ಲಿ ಅವನು ತನ್ನ ಕೈಯಾರೆ ಒಂದು ಹಿತ್ತಾಳೆಯ ಉಪಕರಣ ರೂಪಿಸಿದ. ಕಂಬದ ಬುಡ, ಮೈ, ತಲೆಗಳ ಅಳತೆಯ ಪ್ರಮಾಣಗಳನ್ನು ಶೈಲಿಗೊಂದರಂತೆ ಕೊರೆದಿಟ್ಟ ಕೈವಾರ ಅದು. ಪ್ರತಿ ಕಂಬಕ್ಕೂ ಹೊಸದಾಗಿ ಲೆಕ್ಕ ಹಾಕುವ ಗೋಜಿಲ್ಲ. ತೆರೆದು ಇಟ್ಟರೆ ಅಳತೆ ಸಿಗುತ್ತದೆ. ಆಗ ಅವನಿಗೆ 26 ವರ್ಷ, ಇನ್ನೂ ಒಂದೇ ಒಂದು ಕಟ್ಟಡ ಕಟ್ಟಿರಲಿಲ್ಲ. ಆ ಕೈವಾರವನ್ನು ಇವತ್ತಿಗೂ ಊರಿನ ಗುಡ್ಡದ ಮೇಲಿನ ಮರಿಯನ್‌ಬೆರ್ಗ್ ಕೋಟೆಯ ವಸ್ತುಸಂಗ್ರಹಾಲಯದಲ್ಲಿ ಇಟ್ಟಿದ್ದಾರೆ.

1714ರಲ್ಲಿ ತೋಪಿನ ದಳ ಸೇರಿದ. 1717ರಲ್ಲಿ ಆಸ್ಟ್ರಿಯಾದ ದಂಡನಾಯಕ ರಾಜಕುಮಾರ ಯೂಜಿನ್‌ನ ಸೇನೆಯೊಂದಿಗೆ ತುರ್ಕರ ವಿರುದ್ಧದ ಬೆಲ್‌ಗ್ರೇಡ್ ಮುತ್ತಿಗೆಗೆ ಹೋದ. ಮರುವರ್ಷ ಮಿಲಾನ್ ಸೀಮೆಯಲ್ಲಿದ್ದ. ಉತ್ತರ ಇಟಲಿಯ ಕಟ್ಟಡಗಳಲ್ಲಿ ಅವನು ಏನೇನು ನೋಡಿದ ಎನ್ನುವುದಕ್ಕೆ ಅವನ ಚರ್ಚುಗಳ ಬಾಗಿದ ಗೋಡೆಗಳೇ ಸಾಕ್ಷಿ. ಮುತ್ತಿಗೆಯ ಎಂಜಿನಿಯರ್‌ನ ವಿದ್ಯೆ ಗೋಡೆ ಎಲ್ಲಿ ಬೀಳುತ್ತದೆ ಎಂಬುದನ್ನು ತಿಳಿಯುವ ವಿದ್ಯೆ. ಅದನ್ನು ತಿರುಗಿಸಿ ಹಿಡಿದರೆ ಗೋಡೆ ಎಲ್ಲಿ ನಿಲ್ಲುತ್ತದೆ ಎಂಬುದೂ ತಿಳಿಯುತ್ತದೆ.

ಅವನ ಅದೃಷ್ಟ ಖುಲಾಯಿಸಿದ್ದು 1719ರಲ್ಲಿ. ಆಗ ಜರ್ಮನಿ ಒಂದು ದೇಶವಲ್ಲ, ನೂರಾರು ಸಂಸ್ಥಾನಗಳ ಗುಂಪು. ಅವುಗಳಲ್ಲಿ ಹಲವನ್ನು ಬಿಷಪ್ಪರೇ ರಾಜರಾಗಿ ಆಳುತ್ತಿದ್ದರು. ಕೈಯಲ್ಲಿ ಧರ್ಮದಂಡ, ಸೊಂಟದಲ್ಲಿ ಕತ್ತಿ. ಆ ವರ್ಷ ವ್ಯೂರ್ಟ್ಸ್‌ಬುರ್ಗ್‌ನ ಗದ್ದುಗೆಗೆ ಬಂದವನು ಯೋಹಾನ್ ಫಿಲಿಪ್ ಫ್ರಾಂಟ್ಸ್ ಫಾನ್ ಶೋನ್‌ಬೋರ್ನ್. ಶೋನ್‌ಬೋರ್ನ್ ಮನೆತನದ ಕಥೆಯೇ ಬೇರೆ. ಮೈಂಟ್ಸ್, ಬಾಂಬೆರ್ಗ್, ವ್ಯೂರ್ಟ್ಸ್‌ಬುರ್ಗ್, ಸ್ಪೈಯರ್ ಹೀಗೆ ಸುತ್ತಮುತ್ತಲ ಗದ್ದುಗೆಗಳೆಲ್ಲ ಚಿಕ್ಕಪ್ಪ, ಅಣ್ಣ, ತಮ್ಮಂದಿರ ಪಾಲಾಗಿದ್ದವು. ತಮ್ಮ ತಲೆಗೆ ಕಟ್ಟುವ ಹುಳ ಹೊಕ್ಕಿದೆಯೆಂದು ಆ ಮನೆಯವರೇ ಹೇಳಿಕೊಳ್ಳುತ್ತಿದ್ದರು. ಹೊಸ ಬಿಷಪ್ಪನಿಗೆ ಗುಡ್ಡದ ಮೇಲಿನ ಹಳೇ ಕೋಟೆಯಲ್ಲಿ ಇರಲು ಇಷ್ಟವಿರಲಿಲ್ಲ. ಊರೊಳಗೆ ವರ್ಸೇಲ್ಸ್‌ಗೆ ಸಾಟಿಯಾಗುವ ಅರಮನೆ ಬೇಕಿತ್ತು. ಖಜಾನೆಯ ಹಣ ನುಂಗಿದ್ದ ಅಧಿಕಾರಿಯೊಬ್ಬನಿಂದ ಕಕ್ಕಿಸಿದ ಭಾರಿ ದಂಡದ ಮೊತ್ತವೂ ಕೈಯಲ್ಲಿತ್ತು. 1720ರ ಮೇ 22ರಂದು ಶಂಕುಸ್ಥಾಪನೆಯಾಯಿತು. ಉಸ್ತುವಾರಿ ಸಿಕ್ಕಿದ್ದು ದೊಡ್ಡ ಕಟ್ಟಡವನ್ನೇ ಕಟ್ಟಿರದ 33ರ ಹರೆಯದ ತೋಪಿನ ಅಧಿಕಾರಿಗೆ.

ಬಿಷಪ್ಪ ಅವನನ್ನು ನಂಬಿದನಾದರೂ ಒಬ್ಬನನ್ನೇ ನಂಬಲಿಲ್ಲ. ಮೈಂಟ್ಸ್‌ನ ಚಿಕ್ಕಪ್ಪನ ಆಸ್ಥಾನದಿಂದ ಮ್ಯಾಕ್ಸಿಮಿಲಿಯನ್ ಫಾನ್ ವೆಲ್ಷ್‌ನ ಸಲಹೆ ಬಂತು, ವಿಯೆನ್ನಾದಿಂದ ಲೂಕಾಸ್ ಫಾನ್ ಹಿಲ್ಡೆಬ್ರಾಂಟ್‌ನದು. 1723ರಲ್ಲಿ ನಾಯ್ಮನ್‌ನನ್ನೇ ನಕ್ಷೆಗಳ ಸಮೇತ ಪ್ಯಾರಿಸ್‌ಗೆ ಕಳಿಸಿದರು. ಅಲ್ಲಿ ಫ್ರೆಂಚ್ ರಾಜನ ವಾಸ್ತುಶಿಲ್ಪಿ ರೊಬೆರ್ ದ ಕೋತ್, ಜೆರ್ಮೇನ್ ಬೊಫ್ರಾಂ ಇಬ್ಬರೂ ನಕ್ಷೆಯ ಮೇಲೆ ಕೈಯಾಡಿಸಿದರು, ತಿದ್ದಿದರು. ಬೊಫ್ರಾಂ 1745ರಲ್ಲಿ ತನ್ನ ಪುಸ್ತಕ ತಂದಾಗ ವ್ಯೂರ್ಟ್ಸ್‌ಬುರ್ಗ್‌ನ ನಕ್ಷೆಗಳನ್ನೂ ಅದರಲ್ಲಿ ಸೇರಿಸಿಕೊಂಡ. ಹಾಗಾದರೆ ಈ ಅರಮನೆ ಯಾರದು? ವಿದ್ವಾಂಸರು ಇದನ್ನು ಬಹಳ ಕಾಲದಿಂದ ಚರ್ಚಿಸುತ್ತಿದ್ದಾರೆ. ಹೊರಮೈಯ ಹಲವು ಭಾಗಗಳಲ್ಲಿ ಹಿಲ್ಡೆಬ್ರಾಂಟ್‌ನ ಕೈ ಕಾಣುತ್ತದೆ, ಒಪ್ಪೋಣ. ಆದರೆ ಸಲಹೆಗಾರರು ಬಂದರು, ಹೋದರು. ಕಲ್ಲು ಎಲ್ಲಿಂದ ತರಿಸಬೇಕು, ಯಾವ ಗೋಡೆ ಯಾವುದನ್ನು ಹೊರಬೇಕು, ಯಾವ ಮೇಸ್ತ್ರಿಗೆ ಎಷ್ಟು ಕೂಲಿ ಎಂದು 24 ವರ್ಷ ದಿನವೂ ನಿಂತು ನೋಡಿದವನು ಒಬ್ಬನೇ. ಪ್ರಭುಗಳು ಊರಲ್ಲಿ ಇಲ್ಲದಾಗ ಅವನು ಬರೆದ ವರದಿಪತ್ರಗಳ ರಾಶಿಯೇ ಉಳಿದಿದೆ. ನಾಲ್ವರು ಮಹಾಶಿಲ್ಪಿಗಳ ಮಾತು ಕೇಳಿಸಿಕೊಂಡು, ಯಾರ ಮನಸ್ಸನ್ನೂ ಮುರಿಯದೆ, ಕೊನೆಗೆ ತನಗೆ ಸರಿ ಕಂಡದ್ದನ್ನೇ ಕಟ್ಟುವುದೂ ಒಂದು ಪ್ರತಿಭೆಯೇ.

ಮೊದಲ ಬಿಷಪ್ಪ 1724ರಲ್ಲೇ ತೀರಿಕೊಂಡ. ನಂತರ ಬಂದವನಿಗೆ ಅಷ್ಟು ಉತ್ಸಾಹವಿರಲಿಲ್ಲ, ಕೆಲಸ ಕುಂಟಿತು. 1729ರಲ್ಲಿ ಫ್ರೀಡ್ರಿಶ್ ಕಾರ್ಲ್ ಫಾನ್ ಶೋನ್‌ಬೋರ್ನ್ ಗದ್ದುಗೆ ಏರಿದ ಮೇಲೆ ಮತ್ತೆ ಬಿರುಸು ಬಂತು. 1744ರ ಕೊನೆಗೆ ಮುನ್ನೂರಕ್ಕೂ ಹೆಚ್ಚು ಕೋಣೆಗಳ ಅರಮನೆಯ ಕಲ್ಲು ಕೆಲಸ ಮುಗಿಯಿತು.

ಈಗ ಆ ಮೆಟ್ಟಿಲಿನ ಹಜಾರಕ್ಕೆ ಬರೋಣ. ಮೊದಲ ನಕ್ಷೆಗಳಲ್ಲಿ ಎರಡು ಮೆಟ್ಟಿಲುಗಳಿದ್ದವು, ಬಾಗಿಲ ಎಡಕ್ಕೊಂದು ಬಲಕ್ಕೊಂದು. ಕೊನೆಗೆ ಉಳಿದದ್ದು ಒಂದೇ, ಆದರೆ ಅದಕ್ಕೆ ಸಿಕ್ಕ ಜಾಗ ಅಗಾಧ. ಬಂದವರು ಮೊದಲು ಹೊಗುವುದು ತಗ್ಗಾದ, ಮಬ್ಬು ಬೆಳಕಿನ ಪಡಸಾಲೆಯನ್ನು. ಕುದುರೆಗಾಡಿ ಒಳಗೇ ಬಂದು ತಿರುಗಿಕೊಳ್ಳುವಷ್ಟು ಅದು ವಿಶಾಲ. ಅಲ್ಲಿ ತಲೆಯ ಮೇಲೆ ಭಾರವಿದೆ ಎನಿಸುತ್ತದೆ. ಎಡಕ್ಕೆ ಹೊರಳಿದರೆ ಮೆಟ್ಟಿಲು. ಅಗಲವಾದ, ತಗ್ಗಾದ ಮೆಟ್ಟಿಲುಗಳು. ರೇಷ್ಮೆ ನಿಲುವಂಗಿಯ ಹೆಂಗಸರು ಉಸಿರು ಹತ್ತದೆ ಏರಬೇಕಿತ್ತಲ್ಲ. ಏರುತ್ತಾ ಹೋದಂತೆ ಎದುರಿನ ಗೋಡೆಯ ಮೇಲ್ತುದಿಯಲ್ಲಿ ಅಮೆರಿಕ ಖಂಡ ಇಷ್ಟಿಷ್ಟೇ ಕಾಣತೊಡಗುತ್ತದೆ. ನಡುವಿನ ಅಟ್ಟಣೆ ತಲುಪಿದಾಗ ಮೆಟ್ಟಿಲು ಎರಡಾಗಿ ಒಡೆದು ಹಿಂದಕ್ಕೆ ತಿರುಗುತ್ತದೆ. ನೀವೂ ತಿರುಗುತ್ತೀರಿ. ಆ ತಿರುವಿನಲ್ಲಿ ಇಡೀ ಚಾವಣಿ ಒಮ್ಮೆಲೇ ತೆರೆದುಕೊಳ್ಳುತ್ತದೆ. ಪಕ್ಕಗಳಲ್ಲಿ ಏಷ್ಯಾ, ಆಫ್ರಿಕಾ, ಎದುರಿಗೆ ಯುರೋಪು. ಒಂದೂ ಕಂಬವಿಲ್ಲ. ಸುಮಾರು 19 ಮೀಟರ್ ಅಗಲ, 32 ಮೀಟರಿಗೂ ಹೆಚ್ಚು ಉದ್ದದ ಕಲ್ಲಿನ ಚಾವಣಿ ನಾಲ್ಕು ಗೋಡೆಗಳ ಮೇಲೆ ಮಾತ್ರ ನಿಂತಿದೆ.

ಇದು ಎಂಥ ಸಾಹಸ ಎಂದು ತಿಳಿಯಲು ಕಮಾನಿನ ಸ್ವಭಾವ ತಿಳಿದಿರಬೇಕು. ಕಮಾನು ತನ್ನ ಭಾರವನ್ನು ಕೆಳಕ್ಕಷ್ಟೇ ಇಳಿಸುವುದಿಲ್ಲ, ಗೋಡೆಗಳನ್ನು ಹೊರಕ್ಕೂ ತಳ್ಳುತ್ತದೆ. ಕಮಾನು ಎತ್ತರವಾಗಿದ್ದಷ್ಟೂ ತಳ್ಳಾಟ ಕಡಿಮೆ, ಚಪ್ಪಟೆಯಾದಷ್ಟೂ ಜಾಸ್ತಿ. ನಾಯ್ಮನ್‌ನ ಚಾವಣಿ ಬಹಳ ಚಪ್ಪಟೆ. ಮೇಲೆ ಬಣ್ಣದ ಆಕಾಶ ಬರಬೇಕಾದರೆ ಅದು ಹಾಗೆ ಹರಡಿಕೊಂಡೇ ಇರಬೇಕಿತ್ತು. ಇಂಥ ಕಡೆಗಳಲ್ಲಿ ಮರದ ಹಲಗೆಗೆ ಗಾರೆ ಬಳಿದು ಕಲ್ಲಿನ ಹಾಗೆ ತೋರಿಸುವುದು ಆಗಿನ ಸುಲಭದ ದಾರಿ. ಅವನು ಅದನ್ನು ಒಲ್ಲೆನೆಂದ. ಸೂಕ್ಷ್ಮ ರಂಧ್ರಗಳಿಂದ ತುಂಬಿದ ಹಗುರವಾದ ಟಫ್ ಕಲ್ಲು ಆರಿಸಿಕೊಂಡ. ಮರದ ಅಚ್ಚಿನ ಮೇಲೆ ಕಲ್ಲು ಜೋಡಿಸಿ, ಸುಣ್ಣದ ಗಾರೆ ಗಟ್ಟಿಯಾಗುವವರೆಗೆ ಕಾದು ಸಾರುವೆ ಬಿಚ್ಚಿಸಿದ. ಚಾವಣಿ ಅಲುಗಲಿಲ್ಲ.

ಇದರ ಸುತ್ತ ಒಂದು ದಂತಕಥೆ ಬೆಳೆದಿದೆ. ಈ ಚಾವಣಿ ನಿಂತರೆ ಅದಕ್ಕೇ ನೇಣು ಹಾಕಿಕೊಳ್ಳುತ್ತೇನೆ ಎಂದು ಹಿಲ್ಡೆಬ್ರಾಂಟ್ ಪಂಥ ಕಟ್ಟಿದನಂತೆ. ಇದರಡಿಯಲ್ಲಿ ತೋಪುಗಳ ಸಾಲನ್ನೇ ಹಾರಿಸಲಿ, ಬಿರುಕು ಬಿಟ್ಟರೆ ಕೇಳಿ ಎಂದು ನಾಯ್ಮನ್ ಅಂದನಂತೆ. ನಡೆದಿತ್ತೋ ಇಲ್ಲವೋ, ಜನ ಅವನನ್ನು ಯಾವ ರೀತಿ ಕಂಡಿದ್ದರು ಎಂಬುದು ಈ ಕಥೆಯಲ್ಲಿದೆ.

ಮೆಟ್ಟಿಲು ಅವನಿಗೆ ಬಹಳ ಪ್ರಿಯವಾದ ವಿಷಯವಾಗಿತ್ತೆಂದು ಕಾಣುತ್ತದೆ. ಬ್ರುಖ್ಸಾಲ್ ಅರಮನೆಯಲ್ಲಿ ಅಂಡಾಕಾರದ ಕತ್ತಲ ಗುಹೆಯನ್ನು ಸುತ್ತಿಕೊಂಡು ಏರುವ ಎರಡು ಬಾಗು ಮೆಟ್ಟಿಲುಗಳು ಮೇಲೆ ಬೆಳಕಿನ ದ್ವೀಪಕ್ಕೆ ಮುಟ್ಟಿಸುತ್ತವೆ. ಕೊಲೋನ್ ಬಳಿಯ ಬ್ರೂಲ್ ಅರಮನೆಯಲ್ಲಿ ಬಣ್ಣಬಣ್ಣದ ಗಾರೆಯ ಜೋಡಿಕಂಬಗಳ ನಡುವೆ ಮೆಟ್ಟಿಲು ಹರಿಯುತ್ತದೆ. ವಿಯೆನ್ನಾದ ಚಕ್ರವರ್ತಿಯ ಅರಮನೆಗೂ ಒಂದು ಮಹಾ ಮೆಟ್ಟಿಲು ಚಿತ್ರಿಸಿಕೊಟ್ಟ, ಅದು ಕಾಗದದಲ್ಲೇ ಉಳಿಯಿತು. ಆ ಕಾಲದ ಆಸ್ಥಾನಗಳಲ್ಲಿ ಮೆಟ್ಟಿಲು ಬರೀ ದಾರಿಯಾಗಿರಲಿಲ್ಲ. ಅತಿಥಿಯ ಸ್ಥಾನಮಾನ ನೋಡಿ ಪ್ರಭು ಎಷ್ಟು ಮೆಟ್ಟಿಲಿಳಿದು ಬಂದು ಎದುರುಗೊಳ್ಳಬೇಕು ಎಂಬುದಕ್ಕೂ ಕಟ್ಟಳೆಯಿತ್ತು.

ಅರಮನೆಯೊಂದೇ ಅವನ ಕೆಲಸವಲ್ಲ. ಊರಿಗೆ ಕೊಳವೆಯಲ್ಲಿ ಕುಡಿಯುವ ನೀರು ತಂದ, ಬೀದಿಗಳ ಸಾಲು ನೇರ ಮಾಡಿಸಿದ, ಕೋಟೆಗಳ ದುರಸ್ತಿ ನೋಡಿಕೊಂಡ, ಕಾಡಿನಲ್ಲಿದ್ದ ಗಾಜಿನ ಕಾರ್ಖಾನೆ ನಡೆಸಿದ. ಅರಮನೆಯ ಕಿಟಕಿ, ಕನ್ನಡಿಗಳಿಗೆ ಬೇಕಾದ ಗಾಜಿಗೂ ಅವನೇ ದಾರಿ ಮಾಡಬೇಕಿತ್ತು. ಇದರ ನಡುವೆ ಸೇನೆಯಲ್ಲೂ ಮೇಲೇರುತ್ತ 1741ರಲ್ಲಿ ಕರ್ನಲ್ ಆದ. 1725ರಲ್ಲಿ ಆಸ್ಥಾನದ ಹಿರಿಯ ಅಧಿಕಾರಿಯೊಬ್ಬರ ಮಗಳು ಮರಿಯಾ ಎವಾಳನ್ನು ಮದುವೆಯಾಗಿದ್ದ. ಎಂಟು ಮಕ್ಕಳು.

1731ರಿಂದ ವ್ಯೂರ್ಟ್ಸ್‌ಬುರ್ಗ್ ವಿಶ್ವವಿದ್ಯಾಲಯದಲ್ಲಿ ನಾಗರಿಕ ಮತ್ತು ಸೈನಿಕ ವಾಸ್ತುವಿದ್ಯೆ ಕಲಿಸತೊಡಗಿದ. ಈ ವಿಶ್ವವಿದ್ಯಾಲಯ ಕನ್ನಡಿಗರಿಗೆ ದೂರದ್ದಲ್ಲ. ರೊಂಟ್ಗೆನ್ 1895ರಲ್ಲಿ ಎಕ್ಸ್-ರೇ ಕಂಡುಹಿಡಿದದ್ದು ಇಲ್ಲಿಯೇ ಎಂದು ಶಾಲೆಯಲ್ಲಿ ಓದಿರುತ್ತೇವೆ. ನಮ್ಮ ಕಾಲದಲ್ಲಿ ಅಲ್ಲಿನ ಭಾರತಶಾಸ್ತ್ರ ವಿಭಾಗದಲ್ಲಿ ಕನ್ನಡ, ತುಳು ಅಧ್ಯಯನ ನಡೆದಿದೆ, ಪ್ರೊ. ಬಿ.ಎ. ವಿವೇಕ ರೈ ಅತಿಥಿ ಪ್ರಾಧ್ಯಾಪಕರಾಗಿ ಅಲ್ಲಿ ಕನ್ನಡ ಕಲಿಸಿದ್ದಾರೆ.

ನಾಯ್ಮನ್‌ನ ನಿಜವಾದ ಎತ್ತರ ನನಗೆ ಕಂಡದ್ದು ಅರಮನೆಗಳಿಗಿಂತ ಚರ್ಚುಗಳಲ್ಲಿ. ಅದರಲ್ಲೂ ಬಾಂಬೆರ್ಗ್‌ನಿಂದ ಉತ್ತರಕ್ಕೆ, ಮೈನ್ ಕಣಿವೆಯ ಮೇಲಿನ ಗುಡ್ಡದಲ್ಲಿರುವ ಫಿಯರ್‌ತ್ಸೇನ್‌ಹೈಲಿಗನ್‌ನಲ್ಲಿ. ಹದಿನಾಲ್ವರು ಸಂತರ ಯಾತ್ರಾಸ್ಥಳವದು. 1445 ಮತ್ತು 46ರಲ್ಲಿ ಹೆರ್ಮನ್ ಲೈಖ್ಟ್ ಎಂಬ ಕುರಿ ಕಾಯುವ ಯುವಕನಿಗೆ ಅಲ್ಲಿನ ಹೊಲದಲ್ಲಿ ಅಳುವ ಮಗುವೊಂದು ಕಂಡಿತು, ಕೊನೆಯ ಬಾರಿ ಹದಿನಾಲ್ಕು ಮಕ್ಕಳ ಜೊತೆಗೆ ಕಂಡಿತು ಎಂಬುದು ಸ್ಥಳಪುರಾಣ. ಆ ಮಗು ಕಂಡ ಜಾಗದಲ್ಲಿಯೇ ಪೂಜಾಪೀಠ ಇರಬೇಕು. ಪೀಠ ಅಲುಗುವಂತಿಲ್ಲ, ಚರ್ಚು ಅದಕ್ಕೆ ಹೊಂದಿಕೊಳ್ಳಬೇಕು.

ನಾಯ್ಮನ್‌ನ ಮೊದಲ ನಕ್ಷೆಯಲ್ಲಿ ಇದು ಸರಳವಾಗಿತ್ತು. ಶಿಲುಬೆಯಾಕಾರದ ಚರ್ಚು, ಎರಡು ತೋಳು ಕೂಡುವ ನಡುಜಾಗದಲ್ಲಿ ಪೀಠ, ಅದರ ಮೇಲೆ ಗುಮ್ಮಟ. 1743ರಲ್ಲಿ ಪಾಯ ಹಾಕಿದರು. ಆದರೆ ಸ್ಥಳದಲ್ಲಿ ಕೆಲಸ ನೋಡಿಕೊಳ್ಳುತ್ತಿದ್ದವನು ಗಾಟ್‌ಫ್ರೀಡ್ ಹೈನ್‌ರಿಶ್ ಕ್ರೋನ. ಅವನು ಸ್ವತಃ ವಾಸ್ತುಶಿಲ್ಪಿ, ಸ್ವಂತ ವಿಚಾರಗಳಿದ್ದವನು. ನಕ್ಷೆಯನ್ನು ಬದಲಾಯಿಸಿ ಕಟ್ಟಡವನ್ನು ಪೂರ್ವಕ್ಕೆ ಸರಿಸಿ ಗೋಡೆ ಎಬ್ಬಿಸಿಬಿಟ್ಟ. ನಾಯ್ಮನ್ ಬಂದು ನೋಡುವ ಹೊತ್ತಿಗೆ ಪವಿತ್ರ ಜಾಗ ತೋಳುಗಳ ಕೂಡುಜಾಗವನ್ನು ಬಿಟ್ಟು ಜನ ನಿಲ್ಲುವ ಉದ್ದ ಹಜಾರದ ಮಧ್ಯಕ್ಕೆ ಬಂದು ಬಿದ್ದಿತ್ತು. ಅವನಿಗೆ ಬಂದ ಸಿಟ್ಟು ಸಣ್ಣದಲ್ಲ. ಗೋಡೆ ಕೆಡವಿಸಿದರೆ ಚರ್ಚು ಕಟ್ಟಿಸುತ್ತಿದ್ದ ಮಠದ ಹಣ ಮಣ್ಣುಪಾಲು. ಹಾಗೇ ಬಿಟ್ಟರೆ ಗುಮ್ಮಟ ಒಂದು ಕಡೆ, ದೇವರು ಇನ್ನೊಂದು ಕಡೆ.

ಅವನು ಮಾಡಿದ್ದೇನೆಂದರೆ ಹೊರಗಿನ ಗೋಡೆಗಳನ್ನು ಮುಟ್ಟದೆ, ಅವುಗಳ ಒಳಗೆ ಬೇರೆಯೇ ಒಂದು ಚರ್ಚನ್ನು ಹೆಣೆದ. ಹೊರಗೆ ಶಿಲುಬೆಯ ಆಕಾರ ಹಾಗೆಯೇ ಇದೆ. ಒಳಗೆ ಮೂರು ದೊಡ್ಡ ಅಂಡಾಕಾರಗಳು ಒಂದರ ಹಿಂದೆ ಒಂದು, ತೋಳುಗಳಲ್ಲಿ ಎರಡು ವೃತ್ತಗಳು. ಎಲ್ಲಕ್ಕಿಂತ ದೊಡ್ಡ ಅಂಡಾಕಾರ ಪೀಠದ ಮೇಲೆಯೇ ಬಂತು. ಹಲಸಿನ ಹಣ್ಣಿನ ಹೊರಮೈ ನೋಡಿ ಒಳಗೆ ತೊಳೆಗಳು ಒತ್ತಿಕೊಂಡು ಕೂತ ಬಗೆಯನ್ನು ಊಹಿಸಲಾಗದಂತೆ ಈ ಚರ್ಚನ್ನೂ ಹೊರಗಿನಿಂದ ಊಹಿಸಲಾಗದು. ಸಂಪ್ರದಾಯದಂತೆ ಗುಮ್ಮಟ ಎದ್ದು ನಿಲ್ಲಬೇಕಾಗಿದ್ದ ಜಾಗದಲ್ಲಿ ಈಗ ಏನೂ ಇಲ್ಲ. ಎರಡು ಅಂಡಾಕಾರಗಳ ಅಂಚುಗಳು ಅಲ್ಲಿ ಬಂದು ಒಂದನ್ನೊಂದು ಮುಟ್ಟುತ್ತವೆ. ಕಮಾನುಗಳು ಮೇಲಕ್ಕೂ ಬಾಗಿ, ಪಕ್ಕಕ್ಕೂ ಬಾಗಿ, ಗಾಳಿಯಲ್ಲಿ ತಿರುಚಿಕೊಂಡ ಪಟ್ಟಿಗಳಂತಿವೆ. ಒಳಗೆ ನಿಂತವರಿಗೆ ಗೋಡೆ ಎಲ್ಲಿ ಮುಗಿಯಿತು, ಚಾವಣಿ ಎಲ್ಲಿ ಶುರುವಾಯಿತು ಎಂದು ಬೆರಳಿಟ್ಟು ಹೇಳಲಾಗುವುದಿಲ್ಲ. ಬೆಳಕು ಮಾತ್ರ ಎಲ್ಲ ಕಡೆಯಿಂದ ಬರುತ್ತದೆ. ಕಿಟಕಿಗಳು ಹೊರಗೋಡೆಯಲ್ಲಿವೆ, ಅಂಡಾಕಾರಗಳ ಕಂಬಸಾಲು ಅವುಗಳಿಂದ ಒಳಗೆ ಸರಿದು ನಿಂತಿದೆ. ಈ ನಡುವಿನ ಟೊಳ್ಳಿನಲ್ಲಿ ಬೆಳಕು ತುಂಬಿಕೊಂಡು, ಸೋಸಿ ಒಳಗಿಳಿಯುತ್ತದೆ.

ಕ್ರೋನ ನಾಯ್ಮನ್‌ನ ಮಾತು ಕೇಳಿದ್ದರೆ ಒಂದು ಒಳ್ಳೆಯ ಚರ್ಚು ಸಿಗುತ್ತಿತ್ತು. ಅವನು ಮಾತು ಮೀರಿದ್ದರಿಂದ ಇಡೀ ಹದಿನೆಂಟನೇ ಶತಮಾನದ ಅತಿ ಸುಂದರ ಒಳಾಂಗಣಗಳಲ್ಲಿ ಒಂದು ಸಿಕ್ಕಿತು. ನಡುವಿನ ಪೀಠವನ್ನು ಯಾಕೋಬ್ ಮಿಖಾಯೆಲ್ ಕ್ಯೂಖೆಲ್ ಆಮೇಲೆ ವಿನ್ಯಾಸ ಮಾಡಿದ. ತೆರೆದ ರಥದಂಥ, ಹೃದಯದ ಬಾಗುಳ್ಳ ರಚನೆ ಅದು. ರೊಕೊಕೊ ಗಾರೆಕೆಲಸ ಮುಟ್ಟಿದ ತುದಿ. ಚರ್ಚು ಪೂರ್ತಿಯಾದದ್ದು 1772ರಲ್ಲಿ, ನಾಯ್ಮನ್ ತೀರಿಕೊಂಡು 19 ವರ್ಷವಾದ ಮೇಲೆ.

1746ರಲ್ಲಿ ಫ್ರೀಡ್ರಿಶ್ ಕಾರ್ಲ್ ತೀರಿಕೊಂಡ. ಹೊಸ ಬಿಷಪ್ಪ ಬಂದವನೇ ನಾಯ್ಮನ್‌ನನ್ನು ಕಟ್ಟಡಗಳ ಉಸ್ತುವಾರಿಯಿಂದ ಕಿತ್ತುಹಾಕಿದ. ಅರಮನೆಯ ಪ್ರತಿ ಕಲ್ಲಿನ ಗುರುತು ಬಲ್ಲವನು ಅರುವತ್ತರ ಹೊಸ್ತಿಲಲ್ಲಿ ಬಾಗಿಲ ಹೊರಗೆ ನಿಂತ. ಆ ಬಿಷಪ್ಪನೂ ಬೇಗ ತೀರಿ, 1749ರಲ್ಲಿ ಕಾರ್ಲ್ ಫಿಲಿಪ್ ಫಾನ್ ಗ್ರೈಫೆನ್‌ಕ್ಲೌ ಗದ್ದುಗೆಗೆ ಬಂದಾಗ ಹಳೆಯ ಸ್ಥಾನ ಮರಳಿ ಸಿಕ್ಕಿತು. ಟಿಯೆಪೊಲೊನನ್ನು ವೆನಿಸ್‌ನಿಂದ ಕರೆಸಿದವನೂ ಇದೇ ಬಿಷಪ್ಪ.

ಅದೇ 1749ರ ಜೂನ್‌ನಲ್ಲಿ ಅದೇ ಊರಿನಲ್ಲಿ ಮರಿಯಾ ರೆನಾಟಾ ಎಂಬ ವಯಸ್ಸಾದ ಸನ್ಯಾಸಿನಿಯನ್ನು ಮಾಟಗಾತಿ ಎಂದು ತೀರ್ಮಾನಿಸಿ, ತಲೆ ಕಡಿದು, ದೇಹವನ್ನು ಸುಟ್ಟರು. ಬೆಳಕನ್ನು ಅಷ್ಟು ನಾಜೂಕಾಗಿ ಆಳಿದ ಆಸ್ಥಾನದ ಮೂಗಿನ ಕೆಳಗೇ ಇದು ನಡೆಯಿತು. ರೊಕೊಕೊ ಕಾಲವನ್ನು ಹೊಗಳುವ ಪುಸ್ತಕಗಳು ಆ ಸನ್ಯಾಸಿನಿಯ ಹೆಸರೆತ್ತುವುದು ಕಡಿಮೆ, ಎತ್ತಲೇಬೇಕು. ಈ ಅರಮನೆಗಳ ಕೂಲಿ, ಕಲ್ಲು, ಬಂಗಾರದ ರೇಕು ಎಲ್ಲವೂ ಬಂದದ್ದು ಸುತ್ತಲಿನ ಫ್ರಾಂಕೋನಿಯಾ ಸೀಮೆಯ ರೈತರ ಕಂದಾಯದಿಂದ ಎಂಬುದನ್ನೂ ಹೇಳಬೇಕು. ಅದನ್ನು ತಿಳಿದುಕೊಂಡೇ ನಾಯ್ಮನ್‌ನ ಕೆಲಸವನ್ನು ಮೆಚ್ಚುತ್ತೇನೆ. ಅಲ್ಲಿನ ಜಾಣ್ಮೆ ಬಿಷಪ್ಪನದಲ್ಲ, ನೇಕಾರನ ಮಗನದು. ಅವನ ಸುತ್ತ ದುಡಿದ ಕಲ್ಲುಕುಟಿಗರು, ಬಡಗಿಗಳು, ಅಂತೋನಿಯೊ ಬೊಸ್ಸಿಯಂಥ ಗಾರೆ ಶಿಲ್ಪಿಗಳದು.

1753ರ ಆಗಸ್ಟ್ 19ರಂದು ನಾಯ್ಮನ್ ತೀರಿಕೊಂಡ. ಸೇನಾ ಗೌರವದೊಂದಿಗೆ ಊರ ಪೇಟೆಯ ನಡುವಿನ ಮರಿಯನ್‌ಕಾಪೆಲ್ಲೆ ಚರ್ಚಿನಲ್ಲಿ ಮಣ್ಣು ಮಾಡಿದರು.

ಅವನ ಲೆಕ್ಕಕ್ಕೆ ಪರೀಕ್ಷೆ ಬಂದದ್ದು 192 ವರ್ಷಗಳ ನಂತರ. 1945ರ ಮಾರ್ಚ್ 16ರ ಸಂಜೆ ಬ್ರಿಟಿಷ್ ವಿಮಾನಗಳು ಸುಮಾರು 20 ನಿಮಿಷದಲ್ಲಿ ವ್ಯೂರ್ಟ್ಸ್‌ಬುರ್ಗ್‌ನ ಹಳೇ ಊರನ್ನು ಸುಟ್ಟುಹಾಕಿದವು. ಸುಮಾರು 5,000 ಜನ ಸತ್ತರು. ಅರಮನೆಯ ಮೇಲ್ಮಾಡಿನ ಮರದ ತೊಲೆಗಳೆಲ್ಲ ಹೊತ್ತಿಕೊಂಡು ಉರಿದು ಕೆಳಗಿನ ಕಲ್ಲಿನ ಚಾವಣಿಯ ಮೇಲೆ ಕುಸಿದವು. ಪಕ್ಕದ ರೆಕ್ಕೆಗಳು ಬೋಳಾದವು, ಕನ್ನಡಿಗಳ ಕೋಣೆ ಚೂರಾಯಿತು. ಮೆಟ್ಟಿಲಿನ ಹಜಾರದ ಚಾವಣಿ ಉರಿಯುವ ತೊಲೆಗಳ ಭಾರ ಹೊತ್ತು ನಿಂತಿತು. ಕೆಳಮೈಯಲ್ಲಿ ಟಿಯೆಪೊಲೊನ ಆಕಾಶ ಉಳಿಯಿತು. ಅಂದು ಅದು ಹಲಗೆಯ ಮೇಲಿನ ಗಾರೆಯಾಗಿದ್ದರೆ ಬೂದಿಯಷ್ಟೇ ಸಿಗುತ್ತಿತ್ತು.

ಉಳಿದದ್ದೂ ಹಾಳಾಗುವುದರಲ್ಲಿತ್ತು. ಮಾಡಿಲ್ಲದ ಚಾವಣಿಯ ಮೇಲೆ ಮಳೆ ಸುರಿದರೆ ಕಲ್ಲಿನ ರಂಧ್ರಗಳಲ್ಲಿ ನೀರಿಳಿದು ಚಿತ್ರ ಕಳಚಿ ಬೀಳುತ್ತದೆ. ಆ ಬೇಸಿಗೆಯಲ್ಲಿ ಅಲ್ಲಿಗೆ ಬಂದ ಅಮೆರಿಕನ್ ಸೇನೆಯ ಸ್ಮಾರಕ ರಕ್ಷಣಾ ಅಧಿಕಾರಿ ಜಾನ್ ಡೇವಿಸ್ ಸ್ಕಿಲ್ಟನ್ ಮೈನ್ ನದಿಯಲ್ಲಿದ್ದ ಮರದ ದಿಮ್ಮಿಗಳನ್ನು ಪತ್ತೆ ಹಚ್ಚಿದ, ಅವುಗಳನ್ನು ಕೊಯ್ಯಿಸಲು ಗರಗಸದ ಮಿಲ್ಲು ಹುಡುಕಿದ, ಊಟಕ್ಕೇ ತತ್ವಾರವಿದ್ದ ಊರಿನಲ್ಲಿ ಕೆಲಸದವರನ್ನು ಹೊಂದಿಸಿದ. ಚಳಿಗಾಲಕ್ಕೆ ಮೊದಲು ತಾತ್ಕಾಲಿಕ ಮಾಡು ಬಂತು. ದುರಸ್ತಿ ದಶಕಗಳ ಕಾಲ ನಡೆದು, ಕನ್ನಡಿಗಳ ಕೋಣೆ 1987ರಲ್ಲಿ ಮತ್ತೆ ಸಿದ್ಧವಾಯಿತು. ಅದಕ್ಕೂ ಮೊದಲೇ, 1981ರಲ್ಲಿ, ಅರಮನೆ ಯುನೆಸ್ಕೊದ ವಿಶ್ವ ಪರಂಪರೆಯ ಪಟ್ಟಿ ಸೇರಿತ್ತು.

ಬೆಂಕಿಗೆ ಕಲ್ಲೇ ಉತ್ತರ ಎಂಬ ಪಾಠವನ್ನು ನಾಯ್ಮನ್‌ನ ಮಗ ಫ್ರಾಂಟ್ಸ್ ಇಗ್ನಾಟ್ಸ್ ಚೆನ್ನಾಗಿ ಕಲಿತಿದ್ದ. ಅಪ್ಪನಂತೆಯೇ ತೋಪಿನ ದಳದ ಎಂಜಿನಿಯರ್. ಸಿಡಿಲಿಗೆ ಸುಟ್ಟುಹೋದ ಮೈಂಟ್ಸ್ ಮಹಾಚರ್ಚಿನ ಪಶ್ಚಿಮ ಗೋಪುರಕ್ಕೆ 1770ರ ಸುಮಾರಿಗೆ ಮರದ ಬದಲು ಪೂರ್ತಿ ಕಲ್ಲಿನದೇ ತಲೆ ಕಟ್ಟಿದ. ಇಂದಿಗೂ ಊರಿನ ಮೇಲೆ ಎದ್ದು ಕಾಣುವುದು ಅದೇ.

ಆದರೆ ಬಾಲ್ತಾಸರ್‌ನ ಕೊನೆಯ ದೊಡ್ಡ ಕೆಲಸಕ್ಕೆ ಆ ಧೈರ್ಯ ತೋರುವವರು ಸಿಗಲಿಲ್ಲ. ಶ್ವಾಬಿಯಾ ಸೀಮೆಯ ಗುಡ್ಡದ ಮೇಲಿರುವ ನೆರೆಸ್‌ಹೈಮ್‌ನ ಬೆನೆಡಿಕ್ಟೀನ್ ಮಠದ ಚರ್ಚು ಅದು. 1747ರಲ್ಲಿ ನಕ್ಷೆ ಕೊಟ್ಟ, 1750ರಲ್ಲಿ ಪಾಯ ಬಿತ್ತು, ಮೂರೇ ವರ್ಷಕ್ಕೆ ಅವನು ತೀರಿಹೋದ. ಏಳು ಗುಮ್ಮಟಗಳ ಚರ್ಚು. ನಡುವಿನ ದೊಡ್ಡ ಅಂಡಾಕಾರದ ಗುಮ್ಮಟ ನಾಲ್ಕು ಜೋಡಿ ಸಪೂರ ಕಂಬಗಳ ಮೇಲೆ ನಿಲ್ಲಬೇಕು. ಮುಂದೆ ಕೆಲಸ ನೋಡಿಕೊಂಡವರಿಗೆ ಆ ಕಂಬಗಳು ಕಲ್ಲಿನ ಭಾರ ಹೊರುತ್ತವೆ ಎಂಬ ನಂಬಿಕೆ ಬರಲಿಲ್ಲ. ಗುಮ್ಮಟಗಳನ್ನು ಮರದಲ್ಲಿ ಮಾಡಿ, ಗಾರೆ ಬಳಿದು, ಮೇಲಿನ ಮಾಡಿನ ತೊಲೆಗಳಿಗೆ ತೂಗುಹಾಕಿದರು. ಮಾರ್ಟಿನ್ ಕ್ನೊಲ್ಲರ್ ಅವುಗಳ ಮೇಲೆ ಚಿತ್ರ ಬರೆದ. 1792ರಲ್ಲಿ ಚರ್ಚು ಬಾಗಿಲು ತೆರೆಯಿತು. 1966ರಲ್ಲಿ ಕಟ್ಟಡ ಅಪಾಯದಲ್ಲಿದೆ ಎಂದು ಮುಚ್ಚಬೇಕಾಯಿತು. ದೊಡ್ಡ ದುರಸ್ತಿಯ ನಂತರ 1975ರಲ್ಲಿ ಮತ್ತೆ ತೆರೆದರು. 1991ರಲ್ಲಿ ಜರ್ಮನಿ ಹೊಸ 50 ಮಾರ್ಕ್ ನೋಟು ತಂದಾಗ ಮುಂಬದಿಗೆ ನಾಯ್ಮನ್‌ನ ಮುಖ ಹಾಕಿ, ಹಿಂಬದಿಗೆ ಆರಿಸಿಕೊಂಡದ್ದು ನೆರೆಸ್‌ಹೈಮ್‌ನ ಒಳನೋಟವನ್ನು. ಯೂರೋ ಬರುವವರೆಗೂ ಆ ನೋಟು ಅಂಗಡಿ, ಬಸ್ಸು, ಸಂತೆಗಳಲ್ಲಿ ಕೈಯಿಂದ ಕೈಗೆ ಓಡಾಡಿತು. ನೆರೆಸ್‌ಹೈಮ್‌ನ ಕಂಬಗಳ ಬಗ್ಗೆ ವಾದ ಇನ್ನೂ ನಡೆದೇ ಇದೆ. ವ್ಯೂರ್ಟ್ಸ್‌ಬುರ್ಗ್‌ನ ಚಾವಣಿ 1945ರಲ್ಲಿ ಹೊತ್ತ ಭಾರವನ್ನು ನೋಡಿದರೆ, ಅವನು ಬದುಕಿದ್ದಿದ್ದರೆ ಆ ಏಳು ಗುಮ್ಮಟಗಳನ್ನೂ ಕಲ್ಲಿನಲ್ಲೇ ಕಟ್ಟಿ ನಿಲ್ಲಿಸುತ್ತಿದ್ದ ಎಂದು ನಾನು ನಂಬುತ್ತೇನೆ.